ಅರ್ಧ ದಿನದ ಬ್ಯಾಂಕಾಕ್, ಐದು ನಿಮಿಷದ ಮದ್ದೂರು

ಮಂಡ್ಯ ಬಸ್ ನಿಲ್ದಾಣದ ಆಸುಪಾಸಿನಲ್ಲಿ ಪಿಎಸ್‌ಐ, ಪಿಡಿಒ ಕೋಚಿಂಗ್‌ನ ಫ್ಲೆಕ್ಸ್‌ಗಳ ಪಕ್ಕದಲ್ಲೇ ಈಗ ಇನ್ನೊಂದು ಫ್ಲೆಕ್ಸ್ ಕಾಣುತ್ತದೆ: ಬ್ಯಾಂಕಾಕ್–ಪಟ್ಟಾಯ, 3 ರಾತ್ರಿ 4 ಹಗಲು. ಐದಾರು ವರ್ಷದ ಹಿಂದೆ ಈ ಊರಿನಲ್ಲಿ ಇಂಥದ್ದನ್ನು ಯಾರೂ ನೇತುಹಾಕುತ್ತಿರಲಿಲ್ಲ. ಬದಲಾವಣೆಗೆ ಕಾರಣ ಸರಳ. ಥಾಯ್ಲೆಂಡ್ ಸರ್ಕಾರ 2023ರ ನವೆಂಬರ್‌ನಲ್ಲಿ ಭಾರತೀಯರಿಗೆ ವೀಸಾ ವಿನಾಯಿತಿ ಕೊಟ್ಟಿತು. ಮೊದಲು 30 ದಿನ ಇದ್ದದ್ದನ್ನು 2024ರ ಜುಲೈನಿಂದ 60 ದಿನಕ್ಕೆ ಏರಿಸಿತು. ಆಗ ವೀಸಾ ಬೇಕಿರಲಿಲ್ಲ, ಬೆಂಗಳೂರಿನಿಂದ ಸುಮಾರು ನಾಲ್ಕು ತಾಸಿನ ವಿಮಾನ. ಆ ವರ್ಷ ಥಾಯ್ಲೆಂಡ್‌ಗೆ ಸುಮಾರು 3.55 ಕೋಟಿ ವಿದೇಶಿ ಪ್ರವಾಸಿಗರು ಬಂದರು. ಅವರಲ್ಲಿ ಭಾರತೀಯರು 21 ಲಕ್ಷ. ಚೀನಾ, ಮಲೇಷ್ಯಾ ಬಿಟ್ಟರೆ ನಾವೇ. ಅದೇ ವರ್ಷ ಇಷ್ಟು ದೊಡ್ಡ ಭಾರತಕ್ಕೆ ಬಂದ ವಿದೇಶಿಯರು ಸುಮಾರು ಒಂದು ಕೋಟಿ.

ಈ 21 ಲಕ್ಷದಲ್ಲಿ ಹನಿಮೂನ್ ಜೋಡಿಗಳು, ಐಟಿಯವರು ಮಾತ್ರ ಇಲ್ಲ. ಮಂಡ್ಯ, ಮದ್ದೂರು, ಮಳವಳ್ಳಿಯಂಥ ಊರಿಂದ ಹೋಗುವವರಲ್ಲಿ ಅನೇಕರು ಡೀಲರ್‌ಗಳು. ಗೊಬ್ಬರ, ಸಿಮೆಂಟ್, ಪೇಂಟ್, ಟೈರ್ ಕಂಪನಿಗಳು ವರ್ಷಕ್ಕೆ ಇಷ್ಟು ಮಾಲು ಎತ್ತಿದರೆ ಬ್ಯಾಂಕಾಕ್ ಟೂರ್ ಎಂದು ಟಾರ್ಗೆಟ್ ಕೊಡುತ್ತವೆ. ನನ್ನ ಸೋದರಮಾವನಿಗೆ ಮದ್ದೂರು ತಾಲ್ಲೂಕಿನಲ್ಲಿ ಗೊಬ್ಬರದ ಅಂಗಡಿ ಇದೆ. ಎಂ.ಕಾಂ. ಮುಗಿಸಿ ಪರೀಕ್ಷೆಗಳಿಗೆ ಓದುತ್ತಾ, ಮಧ್ಯಾಹ್ನದ ಹೊತ್ತು ಅದೇ ಅಂಗಡಿಯ ಲೆಕ್ಕ ಬರೆಯುವವನು ನಾನು. 2025ರ ಫೆಬ್ರುವರಿಯಲ್ಲಿ ಮಾವನಿಗೆ ಎರಡು ಟಿಕೆಟ್ ಬಂತು. ಅತ್ತೆ ವಿಮಾನ ಹತ್ತುವುದಿಲ್ಲ ಎಂದು ಹಟ ಹಿಡಿದರು. ಹೀಗಾಗಿ ಎರಡನೇ ಟಿಕೆಟ್ ನನ್ನ ಪಾಲಾಯಿತು.

ನಮ್ಮ ಕಡೆ ಬ್ಯಾಂಕಾಕ್ ಎಂಬ ಹೆಸರಿಗೇ ಒಂದು ನಗು ಅಂಟಿಕೊಂಡಿದೆ. 'ಏನ್ಲಾ, ನಿಮ್ ಮಾವ ಬ್ಯಾಂಕಾಕ್‌ಗೆ ಹೊಂಟವ್ನಂತೆ? ಜೊತೇಲಿ ನೀನೂವಂತೆ?' ಎಂದು ಕೇಳಿದವರೆಲ್ಲ ಉತ್ತರಕ್ಕೆ ಕಾಯದೆ ಹಲ್ಲು ಕಿರಿದರು. ಆ ನಗುವಿನ ಬಗ್ಗೆ ಇಲ್ಲಿ ಬರೆಯುವುದಿಲ್ಲ. ನನ್ನನ್ನು ಹಿಡಿದು ನಿಲ್ಲಿಸಿದ್ದು ಆ ಪ್ರವಾಸದ ಅತ್ಯಂತ ಸಪ್ಪೆ ಭಾಗ: ಮೂರನೇ ದಿನ ಬೆಳಿಗ್ಗೆಯ 'ಹಾಫ್ ಡೇ ಸಿಟಿ ಟೂರ್'. ಹೆಚ್ಚಿನ ಡೀಲರ್‌ಗಳು ಬಸ್ಸಿನಲ್ಲಿ ನಿದ್ದೆ ಹೊಡೆದರು. ನಾನು ಲೆಕ್ಕದವನಾದ್ದರಿಂದ ಗಡಿಯಾರ ನೋಡುತ್ತಾ ಕುಳಿತೆ.

ಎಂಟೂವರೆಗೆ ಹೋಟೆಲಿನ ಮುಂದೆ ಬಸ್ಸು. ನಾವು 32 ಜನ, ಒಬ್ಬ ಡ್ರೈವರ್, ಒಬ್ಬ ಗೈಡ್. ಗೈಡ್ ಸುಮಾರು ನಲವತ್ತರ ಹೆಂಗಸು, ಕೊರಳಲ್ಲಿ ಫೋಟೊ ಇದ್ದ ಲೈಸೆನ್ಸ್ ಕಾರ್ಡು. ಹಿಂದಿಯನ್ನೂ ಇಂಗ್ಲಿಷನ್ನೂ ಬೆರೆಸಿ ಮಾತನಾಡುತ್ತಿದ್ದರು. ವ್ಯಾಕರಣ ನೆಟ್ಟಗಿರಲಿಲ್ಲ, ಆದರೆ ಒಂದು ಮಾತೂ ಅರ್ಥವಾಗದೆ ಹೋಗಲಿಲ್ಲ. ಎಲ್ಲರೂ ಅವರನ್ನು 'ದೀದಿ' ಎಂದೇ ಕರೆದರು. ಮೊದಲು ಚೈನಾಟೌನ್ ಅಂಚಿನ ವಾಟ್ ತ್ರೈಮಿತ್. ಅಲ್ಲಿ ಸುಮಾರು ಐದೂವರೆ ಟನ್ ತೂಕದ ಚಿನ್ನದ ಬುದ್ಧ ಕುಳಿತಿದ್ದಾನೆ. ಬಸ್ಸು ಸಿಗ್ನಲ್‌ನಲ್ಲಿ ನಿಂತಿದ್ದಾಗ ಆಕೆ ಕಥೆ ಹೇಳಿ ಮುಗಿಸಿದ್ದರು: ಶತ್ರುಗಳ ಕಣ್ಣಿಗೆ ಬೀಳದಿರಲೆಂದು ಯಾರೋ ಯಾವುದೋ ಕಾಲದಲ್ಲಿ ಮೂರ್ತಿಗೆ ಗಾರೆ ಮೆತ್ತಿದರು, ಆಮೇಲೆ ಜನ ಮರೆತೇಬಿಟ್ಟರು. ಬಹುಕಾಲ ಅದು ತಗಡಿನ ಸೂರಿನಡಿ ಸಾಮಾನ್ಯ ಗಾರೆ ಮೂರ್ತಿಯಾಗಿ ಕುಳಿತಿತ್ತು. 1955ರಲ್ಲಿ ಹೊಸ ಕಟ್ಟಡಕ್ಕೆ ಸಾಗಿಸುವಾಗ ಬಿದ್ದು, ಗಾರೆ ಬಿರಿದು, ಒಳಗಿನ ಹೊಳಪು ಕಾಣಿಸಿತು. ನಿದ್ದೆ ಮಾಡುತ್ತಿದ್ದ ಡೀಲರ್‌ಗಳಲ್ಲಿ ಅರ್ಧ ಜನ ಎದ್ದು ಕೂತರು. 'ಐದೂವರೆ ಟನ್ ಅಂದ್ರೆ ಗ್ರಾಮಿಗೆ ಇವತ್ತಿನ ರೇಟಲ್ಲಿ…' ಎಂದು ಒಬ್ಬರು ಮೊಬೈಲ್ ತೆಗೆದರು.

ಆಮೇಲೆ ವಾಟ್ ಫೋ. 46 ಮೀಟರ್ ಉದ್ದದ ಮಲಗಿರುವ ಬುದ್ಧ, ಪಾದದಲ್ಲಿ ಮುತ್ತಿನ ಚಿಪ್ಪಿನಲ್ಲಿ ಕೆತ್ತಿದ 108 ಶುಭ ಚಿಹ್ನೆಗಳು, ಬೆನ್ನ ಹಿಂದೆ ಸಾಲಾಗಿ 108 ಬಟ್ಟಲು. ಚಿಲ್ಲರೆ ಕಾಸು ಕೊಂಡು ಒಂದೊಂದಕ್ಕೂ ಹಾಕುತ್ತಾ ಹೋಗಬೇಕು. ಟಣ್ ಟಣ್ ಸದ್ದು ಇಡೀ ಮಂಟಪದಲ್ಲಿ ತುಂಬಿರುತ್ತದೆ. ವಿದೇಶಿಯರಿಗೆ ಪ್ರವೇಶ ಆಗ 300 ಬಾತ್ ಇತ್ತು, ಆಗಿನ ಲೆಕ್ಕದಲ್ಲಿ ಸುಮಾರು 750 ರೂಪಾಯಿ. ಮಾವ ಈ ಟೂರಿಗೆಂದೇ ಮಂಡ್ಯದಲ್ಲಿ ಹೊಲಿಗೆ ಬಿಚ್ಚದ ಹೊಸ ಚಡ್ಡಿ ಕೊಂಡಿದ್ದರು. ಮಂಡಿ ಕಾಣಬಾರದೆಂದು ಬಾಗಿಲಲ್ಲೇ ತಡೆದರು. 'ನಮ್ ಪಂಚೇನೇ ಉಟ್ಕಂಡ್ ಬಂದಿದ್ರೆ ಆಗೋದು ಕಣ್ಲಾ' ಎಂದು ಗೊಣಗುತ್ತಾ ಬಟ್ಟೆ ಸುತ್ತಿಕೊಂಡು ಒಳಗೆ ಬಂದರು. ಅರಮನೆಯನ್ನು ಹೊರಗಿನಿಂದ ಮಾತ್ರ ತೋರಿಸಿದರು, ಅದರ ಟಿಕೆಟ್ 500 ಬಾತ್, ನಮ್ಮ ಪ್ಯಾಕೇಜಿನಲ್ಲಿ ಇರಲಿಲ್ಲ. ಅದರೊಳಗಿನ ಗೋಡೆಗಳ ತುಂಬ ರಾಮಾಯಣ ಇದೆಯೆಂದು ಗೈಡ್ ಹೇಳಿದಾಗ ಸ್ವಲ್ಪ ಹೊಟ್ಟೆ ಉರಿಯಿತು.

ಮೂರನೆಯ ನಿಲುಗಡೆ ಒಡವೆ ಮತ್ತು ಹರಳಿನ ಅಂಗಡಿ. ಇಲ್ಲಿಗೆ ಟಿಕೆಟ್ ಇಲ್ಲ, ಬರುವವರಿಗೆಲ್ಲ ತಂಪು ಪಾನೀಯ ಪುಕ್ಕಟೆ. ಎರಡು ದೇವಸ್ಥಾನಗಳಿಗೆ ಒಟ್ಟು 1 ಗಂಟೆ 20 ನಿಮಿಷ ಸಿಕ್ಕಿತು. ಈ ಅಂಗಡಿಯೊಂದಕ್ಕೇ 1 ಗಂಟೆ 10 ನಿಮಿಷ. ಪ್ರತಿ ದಂಪತಿಯ ಹಿಂದೆ ಒಬ್ಬ ಮಾರಾಟಗಾರ, ಅವರಲ್ಲಿ ಕೆಲವರು ಚೊಕ್ಕ ಹಿಂದಿ ಮಾತನಾಡುತ್ತಿದ್ದರು. ನಮ್ಮ ಬಸ್ಸಿನ ಒಬ್ಬರು ಹೆಂಡತಿಗೆಂದು ನೀಲದ ಹರಳಿನ ಉಂಗುರ ಕೊಂಡರು. ಗೈಡ್ ಮುಖದಲ್ಲಿ ಆ ದಿನ ಮೊದಲ ಸಲ ನಿರಾಳ ಕಂಡಿತು.

ಹೊರಗೆ ಬಸ್ಸಿನ ನೆರಳಲ್ಲಿ ನಿಂತಿದ್ದಾಗ ಕೇಳಿದೆ. ಆಕೆ ಮುಚ್ಚುಮರೆ ಮಾಡಲಿಲ್ಲ. ಈ ದರಕ್ಕೆ ಬಸ್ಸು, ಡೀಸೆಲ್, ಟಿಕೆಟ್ ಯಾವುದೂ ಗಿಟ್ಟುವುದಿಲ್ಲ, ಗಿಟ್ಟುವುದು ಅಂಗಡಿಯಿಂದ ಬರುವ ಕಮಿಷನ್ನಿಂದ. ಯಾರೂ ಏನೂ ಕೊಳ್ಳದ ದಿನ ಆಕೆಗೆ ಉಳಿಯುವುದು ಟಿಪ್ಸ್ ಮಾತ್ರ. ಇದು ಅಲ್ಲಿ ಗುಟ್ಟಿನ ಸಂಗತಿಯೂ ಅಲ್ಲ. ಪ್ರವಾಸವನ್ನು ಅಸಲಿಗಿಂತ ಕಡಿಮೆಗೆ ಮಾರಿ, ಜನರನ್ನು ಗೊತ್ತುಪಡಿಸಿದ ಅಂಗಡಿಗಳಿಗೆ ಕರೆದೊಯ್ದು ಸರಿದೂಗಿಸುವುದಕ್ಕೆ 'ಝೀರೊ ಡಾಲರ್ ಟೂರ್' ಎಂದೇ ಹೆಸರು. ಮುಖ್ಯವಾಗಿ ಚೀನಾದ ಗುಂಪುಗಳ ವಿಷಯದಲ್ಲಿ ಇದು ಮಿತಿಮೀರಿದಾಗ 2016ರಲ್ಲಿ ಥಾಯ್ ಸರ್ಕಾರ ದೊಡ್ಡ ಕಾರ್ಯಾಚರಣೆಯನ್ನೇ ನಡೆಸಿತು. ಅಗ್ಗದ ಪ್ಯಾಕೇಜ್ ಎಲ್ಲೇ ಕಂಡರೂ ಉಳಿದ ಹಣ ಯಾರ ಜೇಬಿನಿಂದ ಬರುತ್ತಿದೆ ಎಂದು ಕೇಳಿಕೊಳ್ಳುವುದು ಒಳ್ಳೆಯದು.

ಆದರೆ ಆಕೆಯ ಕೊರಳಲ್ಲಿದ್ದ ಕಾರ್ಡಿನ ಬಗ್ಗೆ ತಿಳಿದಾಗ ನನಗೆ ಹೆಚ್ಚು ಯೋಚನೆ ಹತ್ತಿತು. ಥಾಯ್ಲೆಂಡ್‌ನಲ್ಲಿ ಪ್ರವಾಸಿ ಗೈಡ್ ಕೆಲಸ ಕಾನೂನಿನ ಪ್ರಕಾರ ಥಾಯ್ ಪ್ರಜೆಗಳಿಗೇ ಮೀಸಲು. ವಿದೇಶಿಯರು ಮಾಡಬಾರದ ವೃತ್ತಿಗಳ ಪಟ್ಟಿಯಲ್ಲಿ ಅದೂ ಒಂದು. 2008ರ ಕಾಯ್ದೆಯಂತೆ ಲೈಸೆನ್ಸ್ ಇಲ್ಲದೆ ಗೈಡ್ ಕೆಲಸ ಮಾಡುವುದು ಅಪರಾಧ. ಅಂದರೆ ಸರ್ಕಾರ ವೀಸಾ ತೆಗೆದು ಬಾಗಿಲು ತೆರೆದದ್ದು ಹಣ ಖರ್ಚು ಮಾಡುವವರಿಗೆ. ಕೆಲಸ ಮಾಡುವವರಿಗೆ ಆ ಬಾಗಿಲು ಬೇರೆಯೇ: ಅಲ್ಲಿ ದುಡಿಯಬೇಕಾದರೆ ಹೊರಡುವ ಮೊದಲೇ ಉದ್ಯೋಗದಾತ ಕೊಡಿಸುವ ದಾಖಲೆಗಳ ಮೇಲೆ ಉದ್ಯೋಗ ವೀಸಾ, ಆಮೇಲೆ ವರ್ಕ್ ಪರ್ಮಿಟ್ ಬೇಕು. ಪ್ರವಾಸಿಯ ಮೊಹರು ಹೊತ್ತು ಹೋದವರು ಅಲ್ಲಿ ಸಂಬಳಕ್ಕೆ ಕೂತರೆ ಮೊದಲ ದಿನವೇ ಕಾನೂನುಬಾಹಿರ.

ಈ ವ್ಯತ್ಯಾಸ ಎಷ್ಟು ದುಬಾರಿಯಾಗಬಲ್ಲದು ಎಂಬುದು ನಾವು ಹಿಂದಿರುಗಿದ ಮೂರ್ನಾಲ್ಕು ವಾರಕ್ಕೇ ಗೊತ್ತಾಯಿತು. 2025ರ ಮಾರ್ಚ್ 10 ಮತ್ತು 11ರಂದು ಭಾರತ ಸರ್ಕಾರ ಥಾಯ್ಲೆಂಡ್‌ನ ಗಡಿ ಪಟ್ಟಣ ಮೇ ಸೋಟ್‌ನಿಂದ ವಾಯುಪಡೆಯ ಎರಡು ವಿಮಾನಗಳಲ್ಲಿ 549 ಭಾರತೀಯರನ್ನು ಕರೆತಂದಿತು. ಆಂಧ್ರ, ತೆಲಂಗಾಣ ಸೇರಿದಂತೆ ಹಲವು ರಾಜ್ಯಗಳ ಯುವಕರು. ಮ್ಯಾನ್ಮಾರ್‌ನ ಮ್ಯಾವಡ್ಡಿ ಸುತ್ತಲಿನ ಸೈಬರ್ ವಂಚನೆಯ ಕೇಂದ್ರಗಳಲ್ಲಿ ಸಿಕ್ಕಿಬಿದ್ದಿದ್ದವರು. ಅದೇ ವರ್ಷ ನವೆಂಬರ್‌ನಲ್ಲಿ ಮತ್ತೆ ನೂರಾರು ಮಂದಿಯನ್ನು ಹೀಗೆಯೇ ತರಬೇಕಾಯಿತು.

ಇಂಥವರು ಹೋದ ದಾರಿಯನ್ನು ಗಮನಿಸಿ. ಟೆಲಿಗ್ರಾಂನಲ್ಲೋ ಪರಿಚಯದವರ ಮೂಲಕವೋ ಒಂದು ಸಂದೇಶ ಬರುತ್ತದೆ: ಬ್ಯಾಂಕಾಕ್‌ನಲ್ಲಿ ಡೇಟಾ ಎಂಟ್ರಿ, ಡಿಜಿಟಲ್ ಮಾರ್ಕೆಟಿಂಗ್ ಅಥವಾ ಕಸ್ಟಮರ್ ಸಪೋರ್ಟ್ ಕೆಲಸ, ಊಟ ವಸತಿ ಉಚಿತ, ಸಂಬಳ ಇಲ್ಲಿಯದರ ಎರಡು ಮೂರು ಪಟ್ಟು, ಸಂದರ್ಶನ ವಿಡಿಯೊ ಕಾಲ್‌ನಲ್ಲಿ. ವೀಸಾ ಬೇಡ, 'ಟೂರಿಸ್ಟ್ ಆಗಿ ಬನ್ನಿ, ಆಮೇಲೆ ನಾವು ಮಾಡಿಸುತ್ತೇವೆ' ಎನ್ನುತ್ತಾರೆ. ವಿಮಾನ ನಿಲ್ದಾಣದಲ್ಲಿ ನನಗೂ ಮಾವನಿಗೂ ಸಿಕ್ಕ ಅದೇ ಮೊಹರು ಅವರಿಗೂ ಸಿಗುತ್ತದೆ. ಆಮೇಲೆ ಕಾರು ನಗರದ ಕಡೆಗೆ ಹೋಗುವುದಿಲ್ಲ, ಪಶ್ಚಿಮದ ಗಡಿಗೆ ಹೋಗುತ್ತದೆ. ಮೋಯಿ ಎಂಬ ಸಣ್ಣ ನದಿ ದಾಟಿದರೆ ಮ್ಯಾನ್ಮಾರ್. ಪಾಸ್‌ಪೋರ್ಟ್ ಕಿತ್ತುಕೊಳ್ಳುತ್ತಾರೆ. ಅಲ್ಲಿಂದ ಮುಂದೆ ಅವರ ಕೆಲಸ ಪ್ರೀತಿಯ ನಾಟಕವಾಡಿ, ಹೂಡಿಕೆಯ ಆಸೆ ತೋರಿಸಿ, ಜನರ ಹಣ ದೋಚುವುದು. ಒಲ್ಲೆನೆಂದವರಿಗೆ ಹೊಡೆತ, ಬಿಡುಗಡೆಗೆ ಹಣದ ಬೇಡಿಕೆ.

ನನ್ನ ಜೊತೆ ಮಳವಳ್ಳಿಯಲ್ಲಿ ಪದವಿ ಓದಿದ ಗೆಳೆಯನಿಗೆ ಏಪ್ರಿಲ್‌ನಲ್ಲಿ ಇಂಥದ್ದೇ ಸಂದೇಶ ಬಂದಿತ್ತು. ನನ್ನ ಬಳಿ ಬಂದದ್ದು ನಾನು 'ಬ್ಯಾಂಕಾಕ್ ನೋಡಿದವನು' ಎಂಬ ಕಾರಣಕ್ಕೆ. ಇಬ್ಬರೂ ಕೂತು ಮೂರು ಪ್ರಶ್ನೆ ಬರೆದು ಕಳಿಸಿದೆವು. ಉದ್ಯೋಗ ವೀಸಾ ಹೊರಡುವ ಮೊದಲೇ ಕೊಡಿಸುತ್ತೀರಾ? ವಿದೇಶಾಂಗ ಸಚಿವಾಲಯದ ಇ-ಮೈಗ್ರೇಟ್ ಪೋರ್ಟಲ್‌ನಲ್ಲಿ ನಿಮ್ಮ ನೋಂದಣಿ ಸಂಖ್ಯೆ ಯಾವುದು? ಕಂಪನಿಯ ವಿಳಾಸ ಬ್ಯಾಂಕಾಕ್‌ನ ಯಾವ ಬೀದಿ? ಮೊದಲನೆಯದಕ್ಕೆ 'ಬ್ರೋ, ಟ್ರಸ್ಟ್ ಮಿ' ಎಂಬ ಉತ್ತರ ಬಂತು. ಉಳಿದ ಎರಡಕ್ಕೆ ಉತ್ತರ ಬರಲಿಲ್ಲ, ನಂಬರ್ ಬ್ಲಾಕ್ ಆಯಿತು. ನೋಂದಾಯಿತ ಏಜೆಂಟರು ಪಡೆಯಬಹುದಾದ ಸೇವಾ ಶುಲ್ಕಕ್ಕೂ ಮಿತಿ ಇದೆ: 30 ಸಾವಿರ ರೂಪಾಯಿ ಮತ್ತು ಅದರ ಮೇಲಿನ ಜಿಎಸ್‌ಟಿ. ಲಕ್ಷಗಟ್ಟಲೆ ಕೇಳುವವರು ಮಾತ್ರವಲ್ಲ, ಒಂದು ಪೈಸೆಯೂ ಬೇಡ ಟಿಕೆಟ್ಟೂ ನಮ್ಮದೇ ಎನ್ನುವವರನ್ನೂ ಅನುಮಾನಿಸಬೇಕು. ಟೂರಿನ ಬಸ್ಸಿಗೆ ಒಡವೆ ಅಂಗಡಿ ಹಣ ಕಟ್ಟುವಂತೆ, ಈ ಟಿಕೆಟ್ಟಿಗೂ ಯಾರೋ ಹಣ ಕಟ್ಟಿರುತ್ತಾರೆ.

ನಮ್ಮ ಹುಡುಗರು ಇಂಥ ಸಂದೇಶಕ್ಕೆ ಯಾಕೆ ಮನಸ್ಸು ಕೊಡುತ್ತಾರೆ ಎಂದು ಕೇಳಿದರೆ ದುರಾಸೆ ಎಂದುಬಿಡುವುದು ಸುಲಭ. ನನ್ನ ಗೆಳೆಯನಿಗೆ ದುರಾಸೆ ಇರಲಿಲ್ಲ. ಮೂರು ವರ್ಷದಿಂದ ನೇಮಕಾತಿ ಅಧಿಸೂಚನೆಗಳ ದಾರಿ ಕಾಯುತ್ತಾ, ಮಧ್ಯೆ ಬೆಂಗಳೂರಿನಲ್ಲಿ ಡೆಲಿವರಿ ಮಾಡಿ, ಬಾಡಿಗೆ ಕಟ್ಟಲಾರದೆ ಊರಿಗೆ ಬಂದವನು. ಊರಿನಲ್ಲಿ ಅಪ್ಪನ ಒಂದೂಕಾಲು ಎಕರೆ ಕಬ್ಬು.

ಇಲ್ಲಿಂದಲೇ ನನ್ನ ಯೋಚನೆ ಬ್ಯಾಂಕಾಕ್ ಬಿಟ್ಟು ಮದ್ದೂರಿನ ಕಡೆ ತಿರುಗಿದ್ದು. 2023ರ ಮಾರ್ಚ್ 12ರಂದು ಪ್ರಧಾನಿ ನಮ್ಮ ಜಿಲ್ಲೆಗೇ ಬಂದು ಬೆಂಗಳೂರು–ಮೈಸೂರು ಎಕ್ಸ್‌ಪ್ರೆಸ್‌ವೇ ಉದ್ಘಾಟಿಸಿದರು. 118 ಕಿ.ಮೀ. ದಾರಿ, ಮೂರು ತಾಸಿನ ಪ್ರಯಾಣ ಒಂದೂವರೆ ತಾಸಿನ ಒಳಗೆ. ರಾಮನಗರ, ಚನ್ನಪಟ್ಟಣ, ಮದ್ದೂರು, ಮಂಡ್ಯ, ಶ್ರೀರಂಗಪಟ್ಟಣ ಎಲ್ಲಕ್ಕೂ ಬೈಪಾಸ್. ಅಪಘಾತ, ಟೋಲ್ ಬಗ್ಗೆ ಬೇಕಾದಷ್ಟು ಚರ್ಚೆಯಾಯಿತು. ಹಳೆ ರಸ್ತೆಯ ಹೋಟೆಲು, ಎಳನೀರು, ಬೊಂಬೆ ಅಂಗಡಿಗಳ ವ್ಯಾಪಾರ ಬಿದ್ದದ್ದೂ ಸುದ್ದಿಯಾಯಿತು. ಮದ್ದೂರು ವಡೆ ಹುಟ್ಟಿದ್ದೇ ರೈಲು ನಿಲ್ಲುತ್ತಿತ್ತು ಎಂಬ ಕಾರಣಕ್ಕೆ. ನಿಲ್ಲುವವರು ಇದ್ದರೆ ಮಾತ್ರ ಊರಿಗೆ ದುಡಿಮೆ. ಈಗ ವಾರಾಂತ್ಯದಲ್ಲಿ ಸಾವಿರಾರು ಕಾರುಗಳು ಮದ್ದೂರಿನ ಪಕ್ಕದಲ್ಲಿ ಐದು ನಿಮಿಷದಲ್ಲಿ ಹಾದುಹೋಗುತ್ತವೆ. ಅವುಗಳಲ್ಲಿ ಕೂತವರಿಗೆ ಇಳಿಯಲು ನಾವು ಕೊಟ್ಟಿರುವ ಕಾರಣ ವಡೆಯೊಂದೇ. ಅದು ಈಗ ಮೈಸೂರಿನಲ್ಲೂ ಸಿಗುತ್ತದೆ, ಬೆಂಗಳೂರಿನಲ್ಲೂ ಸಿಗುತ್ತದೆ.

ಕಾರಣಗಳು ಇಲ್ಲದಿಲ್ಲ. ಮದ್ದೂರಿನ ಹಳೆ ಹೆದ್ದಾರಿಯ ಬದಿಯಲ್ಲೇ ಶಿವಪುರದ ಸತ್ಯಾಗ್ರಹ ಸೌಧ ಇದೆ. 1938ರ ಏಪ್ರಿಲ್‌ನಲ್ಲಿ ನಿಷೇಧಾಜ್ಞೆ ಮುರಿದು ಕಾಂಗ್ರೆಸ್ ಧ್ವಜ ಹಾರಿಸಿದ ಜಾಗ. ಅದೇ ತಿಂಗಳು ವಿದುರಾಶ್ವತ್ಥದಲ್ಲಿ ಗುಂಡು ಹಾರಿತು. ಹೆದ್ದಾರಿಯಿಂದ ಹತ್ತು ಹನ್ನೆರಡು ಕಿ.ಮೀ. ಒಳಗೆ ಕೊಕ್ಕರೆಬೆಳ್ಳೂರು, ಹೆಜ್ಜಾರ್ಲೆಗಳು ಮನೆಯಂಗಳದ ಹುಣಸೆ ಮರದಲ್ಲಿ ಗೂಡು ಕಟ್ಟುವ ಊರು. ಅಲ್ಲಿನ ಯುವಕರ 'ಹೆಜ್ಜಾರ್ಲೆ ಬಳಗ' ಗೂಡಿನಿಂದ ಬಿದ್ದ ಮರಿಗಳನ್ನು ಸಾಕಿ ಹಾರಿಬಿಡುವ ಕೆಲಸವನ್ನು ದಶಕಗಳಿಂದ ಮಾಡಿಕೊಂಡು ಬಂದಿದೆ. ಮಳವಳ್ಳಿ ದಾಟಿದರೆ ಶಿವನಸಮುದ್ರ. ಕಾವೇರಿ ಎರಡಾಗಿ ಒಡೆದು ಗಗನಚುಕ್ಕಿ ನಮ್ಮ ಕಡೆ, ಭರಚುಕ್ಕಿ ಕೊಳ್ಳೇಗಾಲದ ಕಡೆ ಧುಮುಕುತ್ತದೆ.

ಗಗನಚುಕ್ಕಿಯ ವೀಕ್ಷಣಾ ಸ್ಥಳಕ್ಕೆ ನಾನು ಚಿಕ್ಕಂದಿನಿಂದ ಎಷ್ಟು ಸಲ ಹೋಗಿದ್ದೇನೋ ಲೆಕ್ಕವಿಲ್ಲ. ಚುರುಮುರಿ ಸಿಗುತ್ತದೆ, ಸೌತೆಕಾಯಿ ಸಿಗುತ್ತದೆ, ಸೆಲ್ಫಿಗೆ ಜಾಗ ಸಿಗುವುದು ಕಷ್ಟ. ಎದುರಿಗೆ ಕಾಣುವುದು ಏನೆಂದು ಹೇಳುವವರು ಯಾರನ್ನೂ ಕಂಡಿಲ್ಲ. ಈ ನೀರಿನಿಂದ 1902ರಲ್ಲಿ ವಿದ್ಯುತ್ ತೆಗೆದು, ಸುಮಾರು 147 ಕಿ.ಮೀ. ತಂತಿ ಎಳೆದು, ಕೋಲಾರದ ಚಿನ್ನದ ಗಣಿಗೆ ಒಯ್ದರು. ಬೆಂಗಳೂರಿನ ಬೀದಿಗೆ ವಿದ್ಯುತ್ ದೀಪ ಬಂದದ್ದು ಅದಾದ ಮೇಲೆ, 1905ರಲ್ಲಿ. ಇಂದು ಬೆಂಗಳೂರಿನಿಂದ ಬಂದು ಜಲಪಾತದ ಮುಂದೆ ಫೋಟೊ ತೆಗೆಸಿಕೊಳ್ಳುವ ಹುಡುಗಿಗೆ, ಅವಳ ಊರಿನ ಮೊದಲ ಬೀದಿದೀಪ ಈ ನೀರಿನಿಂದಲೇ ಹೊತ್ತಿತ್ತು ಎಂದು ಯಾರೂ ಹೇಳುವುದಿಲ್ಲ. ಗಾರೆಯೊಳಗಿನ ಚಿನ್ನದ ಬುದ್ಧನ ಕಥೆಗಿಂತ ಇದು ಯಾವುದರಲ್ಲಿ ಕಡಿಮೆ? ಅಲ್ಲಿಯ ದೀದಿ ಅದನ್ನು ಒಂದು ಸಿಗ್ನಲ್‌ನಲ್ಲಿ ಹೇಳಿ ಮುಗಿಸಿ, ಜೀವನ ನಡೆಸುತ್ತಿದ್ದಾರೆ.

ಸರ್ಕಾರ ಏನೂ ಮಾಡಿಲ್ಲ ಎನ್ನಲಾರೆ. ಕೆಎಸ್‌ಆರ್‌ಟಿಸಿ ಬೆಂಗಳೂರಿನಿಂದ ಸೋಮನಾಥಪುರ, ತಲಕಾಡು, ಭರಚುಕ್ಕಿ, ಗಗನಚುಕ್ಕಿಗೆ ವಾರಾಂತ್ಯದ ಒಂದು ದಿನದ ಪ್ಯಾಕೇಜ್ ಓಡಿಸುತ್ತದೆ. 2024ರಲ್ಲಿ ಗಗನಚುಕ್ಕಿ ಜಲಪಾತೋತ್ಸವ ನಡೆಯಿತು. ಅದೇ ಡಿಸೆಂಬರ್‌ನಲ್ಲಿ ಮಂಡ್ಯದ ಸಾಹಿತ್ಯ ಸಮ್ಮೇಳನಕ್ಕೆ ಲಕ್ಷಾಂತರ ಜನ ಬಂದರು. ಉತ್ಸವಕ್ಕೆ ಬಂದ ಜನ ಉತ್ಸವ ಮುಗಿದ ಮೇಲೆ ಹೋಗುತ್ತಾರೆ. ಬಸ್ಸಿನಲ್ಲಿ ಬಂದವರು ಎಲ್ಲವನ್ನೂ ನೋಡಿ, ಸಂಜೆ ಬೆಂಗಳೂರಿಗೆ ಮರಳುತ್ತಾರೆ. ನಮ್ಮ ಊರಿನ ಪದವೀಧರರಿಗೆ ಆ ದಿನದಲ್ಲಿ ಯಾವ ಪಾತ್ರವೂ ಇಲ್ಲ. ಕೇಂದ್ರ ಪ್ರವಾಸೋದ್ಯಮ ಸಚಿವಾಲಯ ಪ್ರವಾಸಿ ಸಹಾಯಕರಿಗಾಗಿ ಆನ್‌ಲೈನ್ ಪ್ರಮಾಣಪತ್ರ ಕೋರ್ಸ್ ನಡೆಸುತ್ತದೆ. ಅದನ್ನು ಮಾಡಿದವರನ್ನು ನನ್ನ ತರಗತಿಯ ಅರವತ್ತು ಜನರಲ್ಲಿ ಹುಡುಕಿದೆ, ಒಬ್ಬರೂ ಸಿಗಲಿಲ್ಲ. ಕೋರ್ಸ್ ಇದೆ ಎಂದೇ ಯಾರಿಗೂ ಗೊತ್ತಿರಲಿಲ್ಲ. ನಮ್ಮ ಕಾಲೇಜುಗಳ ಇತಿಹಾಸ ವಿಭಾಗದವರು ಹಂಪಿಗೆ ಶೈಕ್ಷಣಿಕ ಪ್ರವಾಸ ಕರೆದೊಯ್ಯುತ್ತಾರೆ, ಮಂಡ್ಯ ತಾಲ್ಲೂಕಿನಲ್ಲೇ ಇರುವ ಬಸರಾಳಿನ ಹೊಯ್ಸಳ ಗುಡಿಗೆ ಕರೆದೊಯ್ಯುವುದಿಲ್ಲ. ದೂರ ಹೋದರೆ ಮಾತ್ರ ಪ್ರವಾಸ ಎಂಬ ನಂಬಿಕೆ ಮಾವನಿಗೊಬ್ಬನಿಗೇ ಇರುವುದಲ್ಲ.

ಸೆಪ್ಟೆಂಬರ್‌ನ ಒಂದು ಭಾನುವಾರ ನಾನು, ಆ ಗೆಳೆಯ, ಕೊಪ್ಪ ಕಡೆಯ ಇನ್ನೊಬ್ಬಳು ಸಹಪಾಠಿ ಸೇರಿ ಒಂದು ಪ್ರಯತ್ನ ಮಾಡಿದೆವು. ಅವಳ ಅಕ್ಕನ ಆಫೀಸಿನವರು 11 ಜನ ಬೆಂಗಳೂರಿನಿಂದ ರೈಲಿನಲ್ಲಿ ಮದ್ದೂರಿಗೆ ಬಂದಿಳಿದರು. ತಲೆಗೆ 900 ರೂಪಾಯಿ. ವಡೆ, ಕಾಫಿ ಆದ ಮೇಲೆ ಸತ್ಯಾಗ್ರಹ ಸೌಧ. ಮಳವಳ್ಳಿ ರಸ್ತೆಯ ಆಲೆಮನೆಯಲ್ಲಿ ಕೊಪ್ಪರಿಗೆಯ ಮುಂದೆ ಮುಕ್ಕಾಲು ಗಂಟೆ. ಬಿಸಿ ಬೆಲ್ಲ ತಿನ್ನುತ್ತಾ ಅವರು ಅಲ್ಲಿಂದ ಏಳಲೇ ಇಲ್ಲ. ಮಧ್ಯಾಹ್ನದ ಹೊತ್ತಿಗೆ ಗಗನಚುಕ್ಕಿ. 1902ರ ಕಥೆಯನ್ನು ಹೇಳಿದ್ದು ಸಹಪಾಠಿ. ಅವಳು ಹೇಳುವಾಗ ನಮ್ಮ ಗುಂಪಿಗೆ ಸೇರದ ಏಳೆಂಟು ಜನ ಕೂಡ ಹತ್ತಿರ ಬಂದು ನಿಂತಿದ್ದರು. ವಿದ್ಯುದಾಗಾರಕ್ಕೆ ಪೂರ್ವಾನುಮತಿ ಇಲ್ಲದೆ ಬಿಡುವುದಿಲ್ಲವಾದ್ದರಿಂದ ಅದನ್ನು ಪಟ್ಟಿಯಲ್ಲೇ ಇಟ್ಟಿರಲಿಲ್ಲ. ವಾಪಸು ಬರುತ್ತಾ ಮಳವಳ್ಳಿಯಲ್ಲಿ ಮುದ್ದೆ, ಬಸ್ಸಾರು.

ಲೆಕ್ಕ ಹೀಗಿದೆ. ಬಂದದ್ದು 9,900. ಹಳದಿ ಬೋರ್ಡಿನ ಟಿಟಿಗೆ 4,500, ನಮ್ಮನ್ನೂ ಸೇರಿಸಿ 14 ಊಟಕ್ಕೆ 1,680, ಆಲೆಮನೆಯವರಿಗೆ 500. ಉಳಿದದ್ದು 3,220, ಮೂವರಿಗೆ ಹಂಚಿದರೆ ತಲೆಗೆ ಸಾವಿರದ ಎಪ್ಪತ್ತು ಚಿಲ್ಲರೆ. ವಾರಕ್ಕೆ ಎರಡು ದಿನ ಇಂಥ ಗುಂಪು ಸಿಕ್ಕರೂ ಇದು ಸಂಸಾರ ನಡೆಸುವ ಸಂಬಳವಲ್ಲ, ಬೇಸಿಗೆಯಲ್ಲಿ ಜಲಪಾತ ಬತ್ತಿದರೆ ಅದೂ ಇಲ್ಲ. ಮಾವನಿಗೆ ಲೆಕ್ಕ ತೋರಿಸಿದಾಗ, 'ಆಲೆಮನೆಯವ್ನಿಗೆ ನೀನ್ಯಾಕ್ಲಾ ಕಾಸ್ ಕೊಟ್ಟೆ? ಅವ್ನೇ ನಿಂಗೆ ಕಮಿಷನ್ ಕೊಡ್ಬೇಕು' ಎಂದರು. ಬ್ಯಾಂಕಾಕ್‌ನಿಂದ ಅವರು ಕಲಿತು ಬಂದದ್ದು ಅದು. ಅವರ ಮಾತಿನಲ್ಲಿ ವ್ಯಾಪಾರ ಇದೆ. ಆದರೆ ಆ ದಾರಿ ಹಿಡಿದರೆ ಸೌಧಕ್ಕೆ ಹತ್ತು ನಿಮಿಷ, ಬೆಲ್ಲದಂಗಡಿಗೆ ಒಂದು ಗಂಟೆ ಆಗಲು ಹೆಚ್ಚು ದಿನ ಬೇಕಿಲ್ಲ. ಸದ್ಯಕ್ಕೆ 500 ಕೊಡುವುದೆಂದೇ ನಾವು ಮೂವರೂ ತೀರ್ಮಾನಿಸಿದ್ದೇವೆ. ಸಹಪಾಠಿ ಆ ಆನ್‌ಲೈನ್ ಕೋರ್ಸಿಗೆ ಹೆಸರು ನೋಂದಾಯಿಸಿದ್ದಾಳೆ. ಗೆಳೆಯ ಇನ್ನೂ ನೇಮಕಾತಿಯ ಪುಸ್ತಕಗಳನ್ನು ಮುಚ್ಚಿಟ್ಟಿಲ್ಲ, ನಾನೂ ಮುಚ್ಚಿಟ್ಟಿಲ್ಲ.

ಬಂದಿದ್ದ 11 ಜನರಲ್ಲಿ ಇಬ್ಬರು ಮುಂದಿನ ವಾರ ಫೋನ್ ಮಾಡಿದ್ದರು. ಕೊಕ್ಕರೆಬೆಳ್ಳೂರಿಗೆ ಹಕ್ಕಿಗಳು ಯಾವಾಗ ಬರುತ್ತವೆ, ಅಪ್ಪ ಅಮ್ಮನನ್ನೂ ಕರೆತರಬಹುದೇ ಎಂದು ಕೇಳಿದರು. ಡಿಸೆಂಬರ್ ಕಳೆಯಲಿ, ಗೂಡು ಕಟ್ಟಿರುತ್ತವೆ, ಬನ್ನಿ ಎಂದಿದ್ದೇನೆ.